ಹೂವಿನ ಹಡಗಿಗೆ ಎಷ್ಟು ಲೋಡು?

ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿ. ಈ ಐದು ಹೆಸರು ಹೇಳಿದ ಕೂಡಲೇ ಬೆಂಗಳೂರಿನವರಿಗೆ ನೆನಪಾಗೋದು ಬಿಸಿಲು, ಶೇಂಗಾ, ಮೆಕ್ಕೆಜೋಳ, ಬರಪೀಡಿತ ತಾಲ್ಲೂಕುಗಳ ಪಟ್ಟಿ. ಇಂಥ ಕಡೆಯಿಂದ ಬಂದವನು ಸರಕು ಸಾಗಿಸೋ ಹಡಗಿನ ಬಗ್ಗೆ ಬರೀತೀನಿ ಅಂದ್ರೆ ನಗು ಬರೋದು ಸಹಜ. ಆದರೆ ಐದರಲ್ಲಿ ಒಂದು ಊರಿನ ಹೆಸರಲ್ಲೇ ಹಡಗು ಕೂತಿದೆ. ಹೂವಿನಹಡಗಲಿಗೆ ಆ ಹೆಸರು ಹೇಗೆ ಬಂತು ಅಂತ ಊರಲ್ಲಿ ಯಾರನ್ನೇ ಕೇಳಿ, ಒಂದೇ ಕತೆ ಹೇಳ್ತಾರೆ. ವಿಜಯನಗರದ ಕಾಲದಲ್ಲಿ ಇಲ್ಲಿಂದ ತುಂಗಭದ್ರೆಯ ಮೇಲೆ ಹಡಗುಗಟ್ಟಲೆ ಹೂವು ಹಂಪಿಯ ವಿರೂಪಾಕ್ಷನಿಗೆ ಹೋಗ್ತಿತ್ತಂತೆ. ಅದಕ್ಕೇ ಹೂವಿನ ಹಡಗಲಿ.

ಚೆಂದದ ಕತೆ. ಹಡಗಲಿ ಮಲ್ಲಿಗೆಗೆ ಈಗ ಭೌಗೋಳಿಕ ಸೂಚಕದ ಮಾನ್ಯತೆಯೂ ಇದೆ, ಮೈಸೂರು ಮಲ್ಲಿಗೆ, ಉಡುಪಿ ಮಲ್ಲಿಗೆಗಳ ಪಕ್ಕದಲ್ಲಿ. ಭಾಷಾಶಾಸ್ತ್ರದವರು ಈ ಹೆಸರಿನ ಹುಟ್ಟನ್ನ ಒಪ್ಪಲಿ ಬಿಡಲಿ, ಕತೆ ನಮ್ಮ ಕಡೆ ಗಟ್ಟಿಯಾಗಿ ಬದುಕಿದೆ. ನನ್ನ ತಕರಾರು ಅದು ನಿಜವೋ ಸುಳ್ಳೋ ಅನ್ನೋದರ ಬಗ್ಗೆ ಅಲ್ಲ. ಕತೆಯಲ್ಲಿ ಏನು ಕಾಣೆಯಾಗಿದೆ ಅನ್ನೋದರ ಬಗ್ಗೆ. ಆ ಹಡಗು ಯಾವ ಥರದ್ದು? ಎಷ್ಟು ಬುಟ್ಟಿ ಹಿಡೀತಿತ್ತು? ಮಲ್ಲಿಗೆ ಮೊಗ್ಗು ಬೆಳಗ್ಗೆ ಬಿಡಿಸಿದರೆ ಸಂಜೆಗೆ ಅರಳಿಬಿಡುತ್ತೆ, ಅಷ್ಟರೊಳಗೆ ಹಂಪಿ ಮುಟ್ಟೋದು ಹೇಗೆ? ಇಳಿಮುಖವಾಗಿ ಹೋಗೋದೇನೋ ಸರಿ, ಹೊಳೆಯ ಎದುರಿಗೆ ವಾಪಸ್ ಬರೋದು ಹೇಗೆ? ನಡೆಸಿದವನಿಗೆ ಕೂಲಿ ಕೊಟ್ಟವರು ಯಾರು? ಕತೆಯಲ್ಲಿ ಹೂವಿದೆ, ದೇವರಿದ್ದಾನೆ, ರಾಜನೂ ಇದ್ದಾನೆ. ಅಂಬಿಗ ಮಾತ್ರ ಇಲ್ಲ.

ಇದು ಒಂದು ಊರಿನ ಕತೆಯ ಕೊರತೆ ಮಾತ್ರ ಆಗಿದ್ರೆ ಬರೆಯೋ ಅಗತ್ಯ ಇರಲಿಲ್ಲ. ಕನ್ನಡದಲ್ಲಿ ನಾವೆಲ್ಲ ಬಾಯಿಪಾಠ ಹೇಳೋ ದೋಣಿಗಳ ಸಾಲು ಹಿಡಿದು ನೋಡಿ, ಎಲ್ಲದರ ಕತೆಯೂ ಇದೇ. ದೋಣಿ ಅಂದ್ರೆ ದೇಹ, ಇಲ್ಲಾ ಸಂಸಾರ, ಇಲ್ಲಾ ನಾಡು, ಇಲ್ಲಾ ಪ್ರೇಮ. ದೋಣಿ ಅಂದ್ರೆ ದೋಣಿ ಆಗಿರೋದು ಬಲು ಅಪರೂಪ. ಅದರಿಂದ ಆಗಿರೋ ನಷ್ಟ ಬರೀ ಸಾಹಿತ್ಯದ್ದಲ್ಲ ಅನ್ನೋದು ನನ್ನ ವಾದ. ಅಲ್ಲಿಗೆ ಬರೋ ಮೊದಲು ಒಂದು ಪರದೇಶದ ಹಾಡನ್ನ ನೋಡೋಣ, ಹೋಲಿಕೆಗೆ ಅದು ಬೇಕು.

ಅಮೆರಿಕ ಮತ್ತು ಕೆನಡಾದ ನಡುವೆ ಐದು ದೊಡ್ಡ ಸರೋವರಗಳಿವೆ. ಅವುಗಳ ಮೇಲೆ ಓಡೋಕೆ ಅಂತಲೇ ಕಟ್ಟಿದ ಸರಕು ಹಡಗುಗಳಿವೆ, ಉದ್ದುದ್ದ, ಒಳಗೆ ಪೂರ್ತಿ ಟೊಳ್ಳು. ಮಿನ್ನೆಸೋಟಾದ ಗಣಿಗಳ ಕಬ್ಬಿಣದ ಅದಿರನ್ನ ಉಕ್ಕಿನ ಕಾರ್ಖಾನೆಗಳಿಗೆ ತಲುಪಿಸೋದು ಇವುಗಳ ಮುಖ್ಯ ಕೆಲಸ. ಅದಿರು ಅಂದ ಕೂಡಲೇ ಸಂಡೂರು, ಹೊಸಪೇಟೆ ಕಡೆಯವರ ಕಿವಿ ನಿಮಿರುತ್ತೆ. ನಮ್ಮ ಕಡೆ ಅದೇ ಕೆಲಸವನ್ನ ಲಾರಿಗಳು ಮಾಡಿದವು. ಈ ಹಡಗುಗಳಲ್ಲೊಂದು ಎಡ್ಮಂಡ್ ಫಿಟ್ಸ್‌ಜೆರಾಲ್ಡ್. 1958ರಲ್ಲಿ ಮಿಷಿಗನ್ನಿನಲ್ಲಿ ನೀರಿಗಿಳೀತು. ಉದ್ದ 729 ಅಡಿ. ಮಾಲೀಕರು ಒಂದು ಜೀವವಿಮಾ ಕಂಪನಿ, ಹಡಗಿಗಿಟ್ಟ ಹೆಸರು ಆ ಕಂಪನಿಯ ಅಧ್ಯಕ್ಷನದ್ದು. ಲೋಡು ಮಾಡೋಕೆ ಸುಮಾರು ನಾಲ್ಕೂವರೆ ಗಂಟೆ, ಇಳಿಸೋಕೆ ಹದಿನಾಲ್ಕು ಗಂಟೆ, ಹೋಗಿ ಬರೋ ಒಂದು ಸುತ್ತಿಗೆ ಐದು ದಿನ. ವರ್ಷಕ್ಕೆ ಸರಾಸರಿ 47 ಸುತ್ತು. ಚಳಿಗಾಲದಲ್ಲಿ ಸರೋವರ ಹೆಪ್ಪುಗಟ್ಟಿದಾಗ ದಡಕ್ಕೆ ಕಟ್ಟಿ ರಿಪೇರಿ. 1975ರ ನವೆಂಬರ್ 10ರಂದು ಸುಪೀರಿಯರ್ ಸರೋವರದ ಬಿರುಗಾಳಿಯಲ್ಲಿ ಮುಳುಗೋ ಹೊತ್ತಿಗೆ ಸುಮಾರು 748 ಸುತ್ತು ಮುಗಿಸಿತ್ತು. ಒಡಲಲ್ಲಿ 26,000 ಟನ್ನಿಗೂ ಹೆಚ್ಚು ಅದಿರಿನ ಉಂಡೆಗಳಿದ್ದವು. 16 ಟನ್ನಿನ ಲಾರಿ ಅಂತ ಲೆಕ್ಕ ಹಿಡಿದರೆ ಸಾವಿರದ ಆರುನೂರಕ್ಕೂ ಹೆಚ್ಚು ಲಾರಿಗಳ ಲೋಡು, ಒಂದೇ ಹೊಟ್ಟೆಯಲ್ಲಿ. ಇದ್ದ 29 ಜನರಲ್ಲಿ ಒಬ್ಬರೂ ಉಳಿಯಲಿಲ್ಲ.

ಮುಂದಿನ ವರ್ಷ ಕೆನಡಾದ ಗಾಯಕ ಗಾರ್ಡನ್ ಲೈಟ್‌ಫುಟ್ ಈ ಹಡಗಿನ ಮೇಲೆ ಒಂದು ಹಾಡು ಮಾಡಿದ. ಆರು ನಿಮಿಷ ಮೀರಿದ, ಪಲ್ಲವಿಯೇ ಇಲ್ಲದ ಹಾಡು. ಕೆನಡಾದಲ್ಲಿ ಒಂದನೇ ಸ್ಥಾನಕ್ಕೂ ಅಮೆರಿಕದಲ್ಲಿ ಎರಡನೇ ಸ್ಥಾನಕ್ಕೂ ಏರಿತು. ಕೇಳಿದರೆ ಆಶ್ಚರ್ಯ ಆಗೋದು ಅದರ ವಿವರಗಳಿಗೆ. ಹಡಗಿನ ಲೋಡು ಎಷ್ಟು ಟನ್ ಅಂತ ಹಾಡಲ್ಲೇ ಇದೆ. ಎಲ್ಲಿಂದ ಹೊರಟಿತು, ಯಾವ ಥರದ ಕಂಪನಿಗಳಿಗಾಗಿ ಓಡ್ತಿತ್ತು, ಗಾಳಿ ಯಾವ ದಿಕ್ಕಿಂದ ಬಂತು, ಎಲ್ಲಾ ಇದೆ. ನನಗೆ ಅತ್ಯಂತ ಇಷ್ಟವಾಗೋ ಜಾಗದಲ್ಲಿ ಅಡುಗೆಯವನು ಬರ್ತಾನೆ. ಅಲೆ ಜಾಸ್ತಿಯಾಗಿದೆ, ಇವತ್ತು ಊಟ ಹಾಕೋಕಾಗಲ್ಲ ಅಂತ ಹೇಳಿ ಹೋಗ್ತಾನೆ. ಸಾವಿನ ಹಾಡಿನ ನಡುವೆ ಅಡುಗೆಮನೆಯ ಮಾತು. ಹಡಗು ಕೆಲಸದ ಜಾಗ, ಅಲ್ಲಿ ಶಿಫ್ಟ್ ಇದೆ, ಊಟದ ಹೊತ್ತಿದೆ ಅನ್ನೋದು ಅಷ್ಟರಲ್ಲೇ ಗೊತ್ತಾಗಿಬಿಡುತ್ತೆ.

ಹಾಡಿನಲ್ಲಿ ತಪ್ಪುಗಳೂ ಇವೆ. ಹಡಗು ಕ್ಲೀವ್‌ಲ್ಯಾಂಡಿಗೆ ಹೊರಟಿತ್ತು ಅಂತ ಹಾಡು ಹೇಳುತ್ತೆ, ನಿಜವಾಗಿ ಹೊರಟಿದ್ದು ಡೆಟ್ರಾಯಿಟ್ ಹತ್ತಿರದ ಜಗ್ ಐಲ್ಯಾಂಡಿಗೆ. ಸರಕಿನ ಗುಂಡಿಯ ಮುಚ್ಚಳ ಕುಸಿದು ನೀರು ನುಗ್ಗಿತು ಅನ್ನೋ ಅರ್ಥದ ಸಾಲೊಂದಿತ್ತು. ಮುಚ್ಚಳ ಸರಿಯಾಗಿ ಬಿಗಿಯದ ನಾವಿಕರದೇ ತಪ್ಪು ಅನ್ನೋ ಧ್ವನಿ ಅದರಿಂದ ಹೊರಡ್ತಿತ್ತು. ಅದು ಹಾಗಲ್ಲ ಅನ್ನೋ ವಾದ ಬಲವಾದಾಗ, 2010ರಲ್ಲಿ, ವೇದಿಕೆ ಮೇಲೆ ಹಾಡುವಾಗ ಲೈಟ್‌ಫುಟ್ ಆ ಸಾಲನ್ನೇ ಬದಲಾಯಿಸಿಕೊಂಡ. ಮೂವತ್ತು ವರ್ಷ ಮೀರಿದ, ಲಕ್ಷಾಂತರ ಜನರ ಬಾಯಲ್ಲಿದ್ದ ಹಾಡನ್ನ ಸತ್ತವರ ಮನೆಯವರಿಗಾಗಿ ತಿದ್ದೋದು ಸಣ್ಣ ಮಾತಲ್ಲ. ತಿದ್ದೋಕೆ ಸಾಧ್ಯವಾಗಿದ್ದು ಯಾಕೆ ಅಂತ ಯೋಚಿಸಿ. ಆ ಸಾಲು ಒಂದು ನಿಜವಾದ ಮುಚ್ಚಳದ ಬಗ್ಗೆ ಇತ್ತು. ರೂಪಕವನ್ನ ಯಾರೂ ತಿದ್ದಿಸೋಕಾಗಲ್ಲ.

ಹಾಗಂತ ಈ ಹಾಡು ಪೂರ್ತಿ ಗೆದ್ದಿದೆ ಅಂತ ನಾನು ಹೇಳಲ್ಲ. ಹದಿನೇಳು ವರ್ಷ ದುಡಿದ ಹಡಗಿನ ಕೊನೆಯ ಎರಡು ದಿನ ಮಾತ್ರ ಅದಕ್ಕೆ ಬೇಕಾಗಿತ್ತು. ಉಳಿದ 747 ಸುತ್ತುಗಳಲ್ಲಿ ಏನಾಯ್ತು? ಪೀಟರ್ ಪಲ್ಸರ್ ಅನ್ನೋ ಒಬ್ಬ ಕ್ಯಾಪ್ಟನ್ ಇದ್ದ. ನದಿಯ ಇಕ್ಕಟ್ಟಿನಲ್ಲಿ ಹೋಗುವಾಗ ದಡದಲ್ಲಿ ನಿಂತು ನೋಡೋರಿಗಾಗಿ ಹಡಗಿನ ಸ್ಪೀಕರಲ್ಲಿ ಹಾಡು ಹಾಕ್ತಿದ್ದ, ಹಡಗಿನ ವಿವರ ಹೇಳ್ತಿದ್ದ. ಅವನು ಈ ಹಾಡಿನಲ್ಲಿಲ್ಲ. ಆ ರಾತ್ರಿ ಹಿಂದೆಯೇ ಬರ್ತಿದ್ದ ಆರ್ಥರ್ ಆಂಡರ್ಸನ್ ಅನ್ನೋ ಹಡಗು 1952ರದ್ದು. ಬಿರುಗಾಳಿ ದಾಟಿ ದಡ ಸೇರಿ, ಮತ್ತೆ ಹುಡುಕೋಕೆ ಅಂತ ಅದೇ ಅಲೆಗಳೊಳಗೆ ವಾಪಸ್ ಹೋಯ್ತು. ಆಮೇಲೂ ದಶಕಗಟ್ಟಲೆ ಅದಿರು ಹೊತ್ತಿತು. ಸಿಹಿನೀರಲ್ಲಿ ಉಪ್ಪಿನ ತುಕ್ಕಿಲ್ಲ, ಹಾಗಾಗಿ ಅಲ್ಲಿನ ಹಡಗುಗಳಿಗೆ ಆಯುಷ್ಯ ಜಾಸ್ತಿ. 1906ರಲ್ಲಿ ಕಟ್ಟಿದ ಒಂದು ಸಿಮೆಂಟ್ ಹಡಗು 2013ರವರೆಗೆ ತನ್ನದೇ ಇಂಜಿನ್ನಿನಲ್ಲಿ ಓಡಿತ್ತು. ಮುಳುಗದೆ ದುಡಿದವರಿಗೆ ಹಾಡಿಲ್ಲ. ಇದು ಅಲ್ಲಿನ ಕೊರತೆ. ಆದರೂ ಹಾಡು ಬಿಟ್ಟಿದ್ದನ್ನ ತುಂಬಿಕೊಳ್ಳೋಕೆ ಅಲ್ಲಿ ದಾಖಲೆ ಇದೆ. ಹಡಗಿನ ಹುಟ್ಟು, ಮಾಲೀಕರು, ಸುತ್ತು, ಲೋಡು, ಗುಜರಿಗೆ ಹೋದ ದಿನ, ಎಲ್ಲವನ್ನೂ ಬರೆದಿಟ್ಟಿದ್ದಾರೆ.

ಈಗ ತುಂಗಭದ್ರೆಗೆ ಬರೋಣ.

ನಮ್ಮ ಹೊಳೆಯ ಸರಕು ಹಡಗು ಅಂದ್ರೆ ಹರಿಗೋಲು. ಕೆಲವು ಕಡೆ ತೆಪ್ಪ ಅಂತಾರೆ, ಹಂಪಿ, ರಾಯಚೂರು ಕಡೆ ಪುಟ್ಟಿ ಅನ್ನೋದೂ ಉಂಟು. ಅದರ ಬಗ್ಗೆ ಅಳತೆ ಸಮೇತ ಬರೆದಿಟ್ಟವನು ಒಬ್ಬ ಪೋರ್ಚುಗೀಸ್ ಪ್ರವಾಸಿ, ಡೊಮಿಂಗೊ ಪಾಯೆಸ್. ಕೃಷ್ಣದೇವರಾಯನ ಕಾಲದಲ್ಲಿ, 1520ರ ಆಸುಪಾಸು, ಹಂಪಿಗೆ ಬಂದವನು. ಆನೆಗೊಂದಿಗೆ ಹೊಳೆ ದಾಟಿಸೋ ದೋಣಿ ಬುಟ್ಟಿಯಂತೆ ದುಂಡಗಿದೆ, ಹೆಣಿಗೆಯ ಮೇಲೆ ಚರ್ಮ ಹೊದಿಸಿದ್ದಾರೆ, ಹದಿನೈದು ಇಪ್ಪತ್ತು ಜನ ಹಿಡೀತಾರೆ, ಬೇಕಾದ್ರೆ ಕುದುರೆ ಎತ್ತುಗಳನ್ನೂ ಸಾಗಿಸಬಹುದು, ನೆಟ್ಟಗೆ ಹೋಗೋಕಾಗದೆ ಸುತ್ತುತ್ತಲೇ ಇರುತ್ತೆ, ಈ ರಾಜ್ಯದ ಹೊಳೆಗಳಲ್ಲೆಲ್ಲ ಇರೋದು ಇದೇ ದೋಣಿ. ಇಷ್ಟನ್ನ ಆತ ಗಮನಿಸಿ ಬರೆದ. ಸಾಫ್ಟ್‌ವೇರ್ ಭಾಷೆಯಲ್ಲಿ ಹೇಳೋದಾದ್ರೆ ಸ್ಪೆಸಿಫಿಕೇಷನ್ ಡಾಕ್ಯುಮೆಂಟ್. ಕಟ್ಟಿದ ಸಾಮಾನು, ಕೆಪ್ಯಾಸಿಟಿ, ದೋಷ, ಎಲ್ಲಿ ಬಳಕೆಯಲ್ಲಿದೆ, ನಾಲ್ಕೂ ಬಂದವು.

ಅದೇ ಶತಮಾನದಲ್ಲಿ ಅದೇ ದಂಡೆಯ ಮೇಲೆ ಪುರಂದರದಾಸರಿದ್ದರು. ಹಂಪಿಯಲ್ಲಿ ಹೊಳೆಗೆ ತಾಗಿಕೊಂಡಂತೆ ಪುರಂದರ ಮಂಟಪ ಈಗಲೂ ಇದೆ. ಅಂಬಿಗನನ್ನ ಕರೆದು ಹಾಡಿದ ಅವರ ಕೀರ್ತನೆ ನಮಗೆಲ್ಲ ಗೊತ್ತು. ಗಮನವಿಟ್ಟು ಕೇಳಿದರೆ ದಾಸರ ಕಣ್ಣು ಪಾಯೆಸನದಕ್ಕಿಂತ ಚುರುಕು. ಹರಿಗೋಲು ತುಂಬಿಬಿಟ್ಟಿದೆ, ತೂತುಗಳಿವೆ, ಹೊಳೆಗೆ ಭರ ಬಂದಿದೆ, ಸೆಳೆತ ಜೋರಿದೆ, ಸುಳಿ ಇದೆ. ಓವರ್‌ಲೋಡ್, ಸೋರಿಕೆ, ಪ್ರವಾಹ, ಹೊಳೆ ದಾಟೋ ಯಾರಿಗೇ ಆದರೂ ಭಯ ಹುಟ್ಟಿಸೋ ಮೂರೂ ಅದರಲ್ಲಿವೆ. ಹೊಳೆ ಗೊತ್ತಿಲ್ಲದವರು ಇದನ್ನ ಬರೆಯೋಕೆ ಸಾಧ್ಯವಿಲ್ಲ. ಆದರೆ ತೂತುಗಳು ಒಂಬತ್ತು. ಒಂಬತ್ತು ಅಂದ ಕೂಡಲೇ ಅದು ಹರಿಗೋಲಾಗಿ ಉಳಿಯಲ್ಲ, ನವದ್ವಾರದ ದೇಹ ಆಗುತ್ತೆ. ಸುಳಿ ಸಂಸಾರ ಆಗುತ್ತೆ. ಅಂಬಿಗ ಹರಿ ಆಗ್ತಾನೆ. ಒಂದೊಂದು ವಿವರವೂ ನೀರಿಂದ ಮೇಲೆದ್ದು ಆಕಾಶಕ್ಕೆ ಹೋಗುತ್ತೆ. ಕೀರ್ತನೆಯಾಗಿ ಅದರ ಎತ್ತರ ದೊಡ್ಡದು, ಅದರಲ್ಲಿ ಎರಡು ಮಾತಿಲ್ಲ. ಆದರೆ ನಾಲ್ಕೂವರೆ ಶತಮಾನ ಅದನ್ನ ಹಾಡಿದ ನಮ್ಮ ಕಿವಿಗೆ ಒಂದು ಅಭ್ಯಾಸ ಬಿತ್ತು. ಹರಿಗೋಲಿಗೆ ತೂತು ಬಿದ್ದಿದೆ ಅಂತ ಯಾರಾದ್ರೂ ಹೇಳಿದರೆ ಆತ್ಮದ ಚಿಂತೆ ಮಾಡ್ತೀವಿ. ಡಾಂಬರು ಹಚ್ಚಬೇಕು ಅಂತ ಹೊಳೆಯಲ್ಲ.

ಕುವೆಂಪು ಅವರ ದೋಣಿ ಹಾಡಿಗೆ ಬನ್ನಿ. ನಮ್ಮ ಶಾಲೆಗಳಲ್ಲಿ ಎಲ್ಲರೂ ಹಾಡಿದ್ದೀವಿ, 'ಮಿಸ್ ಲೀಲಾವತಿ' ಸಿನಿಮಾದಲ್ಲೂ ಬಂತು. ಅಲ್ಲಿ ಬೆಳಗು ಇದೆ, ಆಚೆ ದಡ ಇದೆ, ಹೊಸ ಕಾಲದ ಹುಮ್ಮಸ್ಸು ಇದೆ. ಆ ದೋಣಿಯಲ್ಲಿ ಸರಕಿಲ್ಲ. ಜೋಳದ ಚೀಲ ಇಲ್ಲ, ಕುರಿ ಇಲ್ಲ, ದವಾಖಾನೆಗೆ ಹೊರಟ ಬಸುರಿ ಇಲ್ಲ. ಆಮೇಲೆ ಬಂದ ಸಿನಿಮಾ ಹಾಡುಗಳಲ್ಲಿ ದೋಣಿ ನಾಯಕ ನಾಯಕಿ ಕೂರೋಕೆ ಒಂದು ಸೋಫಾ. ಈಗ ರೀಲ್ಸ್. ಸಣಾಪುರದಲ್ಲೋ ಹಂಪಿಯಲ್ಲೋ ಅಂಬಿಗ ಹರಿಗೋಲನ್ನ ಗಿರಗಿರ ತಿರುಗಿಸ್ತಾನೆ, ನಾವು ಕಿರುಚ್ತೀವಿ, ಮೊಬೈಲ್ ಕೂಡ ತಿರುಗುತ್ತೆ. ನೆಟ್ಟಗೆ ಹೋಗೋಕಾಗದೆ ಸುತ್ತುತ್ತೆ ಅಂತ ಪಾಯೆಸ್ ಯಾವುದನ್ನ ಗುರುತಿಸಿದ್ದನೋ ಅದೇ ಈಗ ಮಾರಾಟದ ವಸ್ತು. ಐನೂರು ವರ್ಷ ಅಂಬಿಗನ ಕೈಚಳಕ ಅಂದ್ರೆ ಆ ಸುತ್ತನ್ನ ತಡೆಯೋದಾಗಿತ್ತು. ಈಗ ಸುತ್ತಿಸೋದಕ್ಕೇ ದುಡ್ಡು. ವೀಡಿಯೊದಲ್ಲಿ ಅವನ ಮುಖ ಸಾಮಾನ್ಯವಾಗಿ ಫ್ರೇಮಿನ ಹೊರಗಿರುತ್ತೆ.

ಈ ಸಾಲಿನಲ್ಲಿ ಒಬ್ಬ ಮಾತ್ರ ಬೇರೆ ನಿಲ್ತಾನೆ. ಹನ್ನೆರಡನೇ ಶತಮಾನದ ಅಂಬಿಗರ ಚೌಡಯ್ಯ. ಹಡಗಲಿ, ಹರಪನಹಳ್ಳಿ ಕಡೆಯಿಂದ ನೋಡಿದರೆ ಹೊಳೆಯಾಚೆ, ರಾಣೆಬೆನ್ನೂರು ತಾಲ್ಲೂಕಿನಲ್ಲಿ ಚೌಡಯ್ಯದಾನಪುರ ಇದೆ, ತುಂಗಭದ್ರೆಯ ದಂಡೆ ಮೇಲೆ. ಆತನ ಹೆಸರಿನ ಊರು. ಬಸವಣ್ಣ, ಅಕ್ಕ, ಅಲ್ಲಮ ಎಲ್ಲರೂ ತಮ್ಮ ಇಷ್ಟದೈವದ ಹೆಸರನ್ನ ಅಂಕಿತ ಮಾಡಿಕೊಂಡರೆ, ಈತ ಇಟ್ಟುಕೊಂಡ ಅಂಕಿತ ತನ್ನದೇ ಹೆಸರು, ಅದೂ ಕಸುಬಿನ ಸಮೇತ. ಪ್ರತಿ ವಚನದ ಕೊನೆಗೂ ದುಡಿಯೋನ ಸಹಿ. ಅಂಬಿಗ ಅನ್ನೋದನ್ನ ಬೈಗುಳದಂತೆ ಬಳಸೋರಿಗೆ ತಿರುಗಿ ಉತ್ತರ ಕೊಟ್ಟವನು. ಭವಸಾಗರ ದಾಟಿಸೋ ಮಾತು ಈತನಲ್ಲೂ ಇದೆ, ರೂಪಕ ಇಲ್ಲ ಅಂತಲ್ಲ. ಆದರೆ ಹುಟ್ಟು ಅನ್ನೋ ಪದ ಈತನ ಬಾಯಲ್ಲಿ ಬಂದಾಗ ಅದು ಜನ್ಮವೂ ಹೌದು, ಕೈಯಲ್ಲಿ ಹಿಡಿದ ಕೋಲೂ ಹೌದು, ಎರಡೂ ಏಕಕಾಲಕ್ಕೆ. ಕೋಲನ್ನ ಬಿಟ್ಟು ಜನ್ಮಕ್ಕೆ ಹಾರೋದಿಲ್ಲ. ದಾಸರಿಗೆ ಅಂಬಿಗ ದೇವರು. ಚೌಡಯ್ಯನಿಗೆ ಅಂಬಿಗ ಅಂದ್ರೆ ತಾನು. ನಾವು ಆತನ ಜಯಂತಿ ಮಾಡ್ತೀವಿ, ನಿಗಮಕ್ಕೆ ಹೆಸರಿಡ್ತೀವಿ, ಆದರೆ ದೋಣಿಯ ಹಾಡು ಅಂದ ಕೂಡಲೇ ಬಾಯಿಗೆ ಬರೋದು ಈತನ ಮಾತಲ್ಲ.

ಹಾಗಾದ್ರೆ ಬರೆಯೋಕೆ ಏನಿದೆ ಅಂತ ಕೇಳಬಹುದು. ಬಹಳ ಇದೆ.

ಮೊದಲು ಕಟ್ಟೋ ಕೆಲಸ. ಬಿದಿರನ್ನ ಸೀಳಿ, ಅಡ್ಡ ಉದ್ದ ಹೆಣೆದು, ಅಂಚಿಗೆ ದಪ್ಪ ಸುತ್ತು ಕೊಟ್ಟು ಬಟ್ಟಲಿನಂತೆ ಬಗ್ಗಿಸಬೇಕು. ಹಿಂದೆ ಹೊದಿಕೆಗೆ ತೊಗಲು ಇತ್ತು, ಆಮೇಲೆ ಪ್ಲಾಸ್ಟಿಕ್ ಹಾಳೆ, ಡಾಂಬರು ಬಂದವು, ಈಗ ಫೈಬರ್. ಈ ಒಂದು ಬದಲಾವಣೆಯ ಹಿಂದೆ ಎಷ್ಟು ಕಸುಬುಗಳು ಸರಿದುಹೋದವು ನೋಡಿ. ತೊಗಲು ಹದ ಮಾಡೋರು ಹೋದರು, ಮೇದಾರರ ಹೆಣಿಗೆ ಕಮ್ಮಿ ಆಯ್ತು, ರಸ್ತೆಗೆ ಬಂದ ಡಾಂಬರು ಹೊಳೆಗೂ ಇಳೀತು. ಒಂದು ಬುಟ್ಟಿಯ ತಳ ನೋಡಿ ಒಂದು ಸೀಮೆಯ ನೂರು ವರ್ಷದ ಆರ್ಥಿಕತೆ ಹೇಳಬಹುದು.

ಆಮೇಲೆ ನಡೆಸೋ ಕೆಲಸ. ಹರಿಯೋ ಹೊಳೆಯಲ್ಲಿ ಎದುರಿನ ಘಾಟಿಗೆ ನೇರ ಹೊರಟರೆ ಸೆಳೆತ ಎಲ್ಲೋ ಕೆಳಗೆ ಒಯ್ದು ಬಿಡುತ್ತೆ. ಹಾಗಾಗಿ ಮೊದಲು ದಂಡೆಗುಂಟ ಮೇಲಕ್ಕೆ ಹೋಗಬೇಕು, ಅಲ್ಲಿಂದ ಓರೆಯಾಗಿ ಬಿಟ್ಟುಕೊಂಡು ಬರಬೇಕು. ಎಷ್ಟು ಮೇಲಕ್ಕೆ ಅನ್ನೋದು ಅವತ್ತಿನ ನೀರಿನ ಮೇಲೆ, ಒಳಗಿರೋ ಲೋಡಿನ ಮೇಲೆ. ಈ ಲೆಕ್ಕ ಅಂಬಿಗನ ಕಣ್ಣಲ್ಲಿರುತ್ತೆ, ಕಾಗದದಲ್ಲಿ ಎಲ್ಲೂ ಇಲ್ಲ. ಜನ ಅಂಚಿಗೆ ಸುತ್ತಲೂ ಕುಕ್ಕುರುಗಾಲಲ್ಲಿ ಕೂರಬೇಕು, ಯಾರೂ ಏಳಬಾರದು. ಭಾರದ್ದೆಲ್ಲ ನಡುವೆ. ಹಿಂದೆ ಎತ್ತು, ಈಗ ಬೈಕು. ಅಂಬಿಗ ಒಂದೇ ಹುಟ್ಟು ಹಿಡಿದು ಮುಂದಿನಿಂದ ನೀರನ್ನ ತನ್ನ ಕಡೆ ಎಳಕೊಳ್ತಾನೆ. ನೀರು ತೆಳುವಾದ ಕಡೆ ಗಳ. ಕೆಲಸ ಮುಗಿದ ಮೇಲೆ ಹರಿಗೋಲನ್ನ ದಂಡೆಗೆ ಎಳೆದು ಬೋರಲು ಹಾಕ್ತಾನೆ, ಒಣಗಲಿ ಅಂತ. 'ಹೊಳಿ ತುಂಬೈತಿ, ನಾಳಿ ಬಾ' ಅನ್ನೋ ಮಾತಿನ ಹಿಂದೆ ಎಷ್ಟು ವರ್ಷದ ಅನುಭವ ಇದೆ ಅಂತ ಆಚೆ ದಡದ ಸಂಬಂಧಿಕರ ಮದುವೆಗೆ ಹೊರಟವರಿಗೆ ತಿಳಿಯಲ್ಲ, ಸಿಟ್ಟು ಬರುತ್ತೆ ಅಷ್ಟೇ.

ಡ್ಯಾಮ್ ಬಂದ ಮೇಲೆ ಇದೇ ಹರಿಗೋಲಿಗೆ ಇನ್ನೊಂದು ಜನ್ಮ ಬಂತು. 1945ರಲ್ಲಿ ತುಂಗಭದ್ರಾ ಅಣೆಕಟ್ಟಿಗೆ ಅಡಿಗಲ್ಲು ಬಿತ್ತು, 1953ರಲ್ಲಿ ನೀರು ನಿಂತಿತು. ಸುಮಾರು 90 ಹಳ್ಳಿ ಮುಳುಗಿದವು. ಹ.ಬೊ.ಹಳ್ಳಿ, ಹಡಗಲಿ ತಾಲ್ಲೂಕುಗಳ ಅಂಚಿಗೆ ಸಮುದ್ರದಂಥ ಹಿನ್ನೀರು ಬಂದು ನಿಂತಿತು. ಹೂವಿನ ಹಡಗು ನಿಜವಾಗಿ ಓಡಿದ್ದರೆ ಅದರ ದಾರಿ ಈಗ ಈ ಹಿನ್ನೀರಿನ ಕೆಳಗಿದೆ, ಮುಂದೆ 33 ಗೇಟುಗಳಿವೆ. ನದಿ ಗೊತ್ತಿದ್ದ ಅಂಬಿಗರು ಕೆರೆ ಕಲೀಬೇಕಾಯ್ತು. ನಿಂತ ನೀರಲ್ಲಿ ಸೆಳೆತ ಇಲ್ಲ, ಗಾಳಿ ಇದೆ. ಆಷಾಢದ ಗಾಳಿಗೆ ಅಲೆ ಏಳೋದನ್ನ ತಂಬ್ರಹಳ್ಳಿ ಕಡೆಯ ದಂಡೆಯಲ್ಲಿ ನಿಂತು ನೋಡಿದರೆ, ಈ ದುಂಡನೆ ಬುಟ್ಟಿಯಲ್ಲಿ ಕೂತು ಅದರೊಳಗೆ ಹೋಗೋ ಧೈರ್ಯ ಎಂಥದ್ದು ಅಂತ ಗೊತ್ತಾಗುತ್ತೆ. ಮೇಲಾಗಿ ಇಲ್ಲಿ ಘಾಟು ಒಂದೇ ಕಡೆ ಇರಲ್ಲ. ತುಂಬಿದಾಗ ಮಟ್ಟ 1,633 ಅಡಿ. ಬೇಸಿಗೆಗೆ ನೀರು ಸರಿದಂತೆ ದಂಡೆಯೂ ಸರೀತದೆ, ಬಿಟ್ಟ ಮಣ್ಣಲ್ಲಿ ರೈತರು ಬೆಳೆ ಇಡ್ತಾರೆ, ಮುಳುಗಿದ ಊರುಗಳ ಗುಡಿ, ಗೋಡೆ ತಲೆ ಎತ್ತುತ್ತವೆ. ಸಂಜೆ ಬಲೆ ಬಿಟ್ಟು ಬೆಳಗಿನ ಜಾವ ಎತ್ತೋ ಮೀನುಗಾರನಿಗೆ ಯಾವ ಗೋಡೆಗೆ ಬಲೆ ಸಿಕ್ಕುತ್ತೆ, ಯಾವ ಮರದ ಬೊಡ್ಡೆ ಎಷ್ಟು ಆಳದಲ್ಲಿದೆ ಅನ್ನೋದು ನೆನಪಿರಬೇಕು. ಮುಳುಗಿದ ಹಳ್ಳಿಗಳ ನಕಾಶೆ ಹೀಗೆ ಬಲೆ ಬಿಡೋರ ತಲೆಯಲ್ಲಿದೆ. ಹೂಳು ತುಂಬಿ, 133 ಟಿಎಂಸಿ ಹಿಡೀತಿದ್ದ ಜಲಾಶಯ 105ರ ಆಸುಪಾಸಿಗೆ ಬಂದಿದೆ. ಅಂದ್ರೆ ಆ ನಕಾಶೆಯೂ ಬದಲಾಗ್ತಾ ಇದೆ.

ಇಷ್ಟು ಸಾಮಗ್ರಿ ಇದ್ದೂ ಯಾಕೆ ನಮ್ಮ ಬಾಯಿಗೆ ಬಂದಿಲ್ಲ? ಬರಗಾಲದ ಸೀಮೆಯವರಿಗೆ ಕಣ್ಣಿಲ್ಲ ಅಂತ ಹೇಳೋಕಾಗಲ್ಲ. ಕೊಟ್ಟೂರಿನ ಕುಂ. ವೀರಭದ್ರಪ್ಪ ಈ ಕಡೆಯ ಜನರನ್ನ, ಅವರ ಬೈಗುಳ ಸಮೇತ, ಪುಟಗಳಿಗೆ ತಂದರು. ಅವರ 'ಅರಮನೆ'ಗೆ 2007ರ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂತು. ಹರಪನಹಳ್ಳಿ ತಾಲ್ಲೂಕಿನ ಚಿಗಟೇರಿಯ ಮುದೇನೂರು ಸಂಗಣ್ಣ ತಮ್ಮೂರ ಜನ ಆಡೋ ಪದಗಳನ್ನೇ ಆಯ್ದು ಪದಕೋಶ ಮಾಡಿದರು. ಹೀಗೆ ಕೆಲಸದ ಮಾತಿಗೆ ಕಿವಿಗೊಡೋ ದಾರಿ ನಮ್ಮಲ್ಲೇ ಇದೆ. ಹೊಲ, ಕಣ, ಸಂತೆಗಳಿಗೆ ಅದು ಸಲ್ಲಿತು. ನೀರಿನ ವಿಷಯಕ್ಕೆ ಬಂದಾಗ ಮಾತ್ರ ದೇವರು ಮೊದಲೇ ಬಂದು ಹುಟ್ಟು ಹಿಡಿದು ಕೂತುಬಿಟ್ಟಿದ್ದ ಅನ್ನಿಸುತ್ತೆ.

'ಕವಿತೆ ಲಾಗ್ ಬುಕ್ ಅಲ್ಲ ಮಾರಾಯಾ, ನಿನ್ನ ಕೋಡಿಂಗ್ ಬುದ್ಧಿ ಇಲ್ಲಿ ತರಬೇಡ' ಅಂತ ಯಾರಾದ್ರೂ ಹೇಳಬಹುದು. ಒಪ್ತೀನಿ. ಕವಿತೆಗೆ ಟನ್ನೇಜ್ ಹಾಕಲೇಬೇಕು ಅನ್ನೋದು ಮೂರ್ಖತನ. ಆದರೆ ಲಾಗ್ ಇಲ್ಲದ ಸಿಸ್ಟಮ್ ಬಿದ್ದಾಗ ಏನಾಗುತ್ತೆ ಅಂತ ರಾತ್ರಿ ಎರಡು ಗಂಟೆಗೆ ಫೋನ್ ಎತ್ತಿದ ಯಾರಿಗೇ ಆದರೂ ಗೊತ್ತು. ಏನಾಯ್ತು ಅಂತ ಗೊತ್ತಿಲ್ಲದಿದ್ರೆ ರೀಸ್ಟಾರ್ಟ್ ಮಾಡಿ ಕೈಮುಗೀತೀವಿ. ಹರಿಗೋಲು ಮಗುಚಿದಾಗ ನಾವು ಮಾಡೋದೂ ಅದನ್ನೇ.

ಫಿಟ್ಸ್‌ಜೆರಾಲ್ಡ್ ಮುಳುಗಿದ ಮೇಲೆ ಕೋಸ್ಟ್ ಗಾರ್ಡ್ 1977ರಲ್ಲಿ ವರದಿ ಕೊಟ್ಟಿತು, ಮುಚ್ಚಳಗಳತ್ತ ಬೆರಳು ತೋರಿಸಿತು. ಹಡಗು ಮಾಲೀಕರ ಸಂಘ ಒಪ್ಪಲಿಲ್ಲ, ತಳ ಬಂಡೆಗೆ ತಾಗಿರಬೇಕು ಅಂತು. ಮರುವರ್ಷ ಇನ್ನೊಂದು ಸಂಸ್ಥೆಯ ವರದಿ ಬಂತು. ಜಗಳ ಇವತ್ತಿಗೂ ಮುಗಿದಿಲ್ಲ. ಆದರೆ ಜಗಳದ ಮಧ್ಯೆಯೇ ಹಡಗುಗಳಿಗೆ ಆಳ ಅಳೆಯೋ ಯಂತ್ರ ಕಡ್ಡಾಯ ಆಯ್ತು, ತಣ್ಣೀರಲ್ಲಿ ಜೀವ ಹಿಡಿದಿಡೋ ಉಡುಪು ಬಂತು, ತಪಾಸಣೆ ಬಿಗಿಯಾಯ್ತು. ಆಮೇಲೆ ಆ ಸರೋವರಗಳಲ್ಲಿ ಅಂಥ ದೊಡ್ಡ ಸರಕು ಹಡಗು ಒಂದೂ ಮುಳುಗಿಲ್ಲ.

ನಮ್ಮಲ್ಲಿ ಹರಿಗೋಲು ಮಗುಚಿದರೆ ಪೇಪರಿನ ಒಳಪುಟದಲ್ಲಿ ಒಂದು ಸಣ್ಣ ಸುದ್ದಿ. ಎಷ್ಟು ಜನ ಕೂತಿದ್ದರು, ತಳ ಯಾವಾಗ ರಿಪೇರಿ ಆಗಿತ್ತು, ಗಾಳಿ ಎಷ್ಟಿತ್ತು, ಲೈಫ್ ಜಾಕೆಟ್ ಇತ್ತಾ ಅನ್ನೋ ಪ್ರಶ್ನೆಗಳು ಹೆಚ್ಚಾಗಿ ಪ್ರವಾಸಿಗರು ಸತ್ತಾಗ ಕೇಳಿಬರ್ತವೆ. ಊರಿನವರೋ ಮೀನುಗಾರರೋ ಸತ್ತರೆ 'ಗಂಗಮ್ಮ ಕರಕೊಂಡ್ಲು' ಅನ್ನೋದರಲ್ಲಿ ಮುಗೀತದೆ. ಅಂಬಿಗ ದೇವರೇ ಆಗಿಬಿಟ್ಟರೆ ಅವನ ಹತ್ತಿರ ಲೈಸೆನ್ಸ್ ಕೇಳೋರು ಯಾರು? ಅವನಿಗೆ ವಿಮೆ ಮಾಡಿಸೋರು ಯಾರು? ಕಾನೂನು ಕೂಡ ಬಹಳ ಕಾಲ ಹೀಗೇ ಇತ್ತು. ಒಳನಾಡು ಜಲಸಾರಿಗೆಗೆ ಅಂತ 1917ರಲ್ಲಿ ಬಂದ ಕಾಯ್ದೆಗೆ ಯಂತ್ರದಿಂದ ಓಡಿದರೆ ಮಾತ್ರ ಹಡಗು. ಅದರ ಜಾಗಕ್ಕೆ ಬಂದ 2021ರ ಕಾಯ್ದೆಯಲ್ಲಿ ಯಂತ್ರವಿಲ್ಲದ ನಾವೆಗಳಿಗೂ ಜಾಗ ಕೊಟ್ಟಿದ್ದಾರೆ. ನೂರು ವರ್ಷ ಮೀರಿದ ಮೇಲಾದರೂ ಹರಿಗೋಲು ಕಾಗದದ ಮೇಲೆ ನಾವೆ ಆಯ್ತು. ಕಾಗದದಿಂದ ದಂಡೆಗೆ ಬರೋಕೆ ಯಾರಾದರೂ ಕೇಳಬೇಕಲ್ಲ.

ಸೇತುವೆ ಬಂದರೆ ಈ ಮಾತೆಲ್ಲ ಯಾಕೆ ಅನ್ನೋರಿದ್ದಾರೆ. ಸೇತುವೆ ಬರಲೇಬೇಕು, ದವಾಖಾನೆಗೆ ಹೋಗೋಕೆ ಹೊಳೆ ಇಳಿಯೋವರೆಗೆ ಕಾಯಬೇಕಾದ ಊರಿನವರ ಮುಂದೆ ನಿಂತು ಹರಿಗೋಲಿನ ಸೊಬಗು ಹೊಗಳೋದು ಕ್ರೌರ್ಯ. ಆನೆಗೊಂದಿಯಲ್ಲಿ ಸೇತುವೆ ಕಟ್ಟೋಕೆ ಹೊರಟಾಗ ಹಂಪಿಯ ನೋಟ ಕೆಡುತ್ತೆ ಅಂತ ತಕರಾರು ಬಂತು, 1999ರಲ್ಲಿ ಯುನೆಸ್ಕೊ ಹಂಪಿಯನ್ನ ಅಪಾಯದ ಪಟ್ಟಿಗೆ ಸೇರಿಸಿತು, ಕೊನೆಗೆ 2009ರ ಜನವರಿಯಲ್ಲಿ ಆ ಅರ್ಧ ಕಟ್ಟಿದ ಸೇತುವೆಯೇ ಕುಸಿದು ಕೂಲಿ ಕಾರ್ಮಿಕರು ಸತ್ತರು. ಆ ಇಡೀ ಚರ್ಚೆಯಲ್ಲಿ ಸ್ಮಾರಕಗಳ ಬಗ್ಗೆ ಪುಟಗಟ್ಟಲೆ ಬಂತು. ಅಲ್ಲಿವರೆಗೆ ಜನರನ್ನ, ಸೈಕಲ್ಲನ್ನ, ಹುಲ್ಲನ್ನ ದಾಟಿಸ್ತಿದ್ದವರ ಬಗ್ಗೆ ಎಷ್ಟು ಓದಿದ್ವಿ? ನಮ್ಮ ನೆನಪಲ್ಲಿ ಹರಿಗೋಲು ಚಿತ್ರಪಟದಲ್ಲಿ ಚೆಂದ ಕಾಣೋ ಚುಕ್ಕಿಯಾಗಿ ಉಳೀತು.

ಸೇತುವೆ ಬಂದ ಕಡೆಯೆಲ್ಲ ಆ ಘಾಟಿನ ಕೊನೆಯ ಅಂಬಿಗ ಇನ್ನೂ ಇದ್ದಾನೆ. ಹರಿಗೋಲು ಹೆಣೆಯೋಕೆ ಬರೋರೂ ಅಲ್ಲಲ್ಲಿ ಇದ್ದಾರೆ. ಇನ್ನು ಇಪ್ಪತ್ತು ವರ್ಷ ಬಿಟ್ಟು ಕೇಳಿದರೆ ನಮಗೆ ಸಿಗೋದು ಫೈಬರ್ ಬುಟ್ಟಿ ಮತ್ತು ಹೂವಿನ ಕತೆ ಮಾತ್ರ. ಯಾರಾದರೂ ಬರೆಯೋದಾದರೆ ಮುಳುಗಿದ ದಿನದಿಂದ ಶುರು ಮಾಡಬೇಡಿ, ಲೈಟ್‌ಫುಟ್ ಮಾಡಿದ್ದು ಅದನ್ನೇ. ಮುಳುಗದೆ ದಾಟಿದ ಸಾವಿರಾರು ದಿನಗಳಿಂದ ಶುರು ಮಾಡಿ. ಬಿದಿರು ಎಲ್ಲಿಂದ ಬಂತು, ಒಂದು ತಳ ಎಷ್ಟು ಮಳೆಗಾಲ ತಡೀತು, ದಾಟಿಸೋಕೆ ಕಾಳು ತಗೊಳ್ತಿದ್ದರೋ ದುಡ್ಡೋ, ಯಾವ ವರ್ಷ ಮೊದಲ ಬೈಕು ಹತ್ತಿತು, ಹೆಣ ಸಾಗಿಸೋಕೆ ದುಡ್ಡು ತಗೊಳ್ತಿದ್ದರಾ ಇಲ್ವಾ. ಹಂಪಿಗೋ ಸಣಾಪುರಕ್ಕೋ ವೀಕೆಂಡಿಗೆ ಹೋಗೋರು ಕನಿಷ್ಠ ಎರಡು ಪ್ರಶ್ನೆ ಕೇಳಬಹುದು. 'ಅಣ್ಣಾ, ಇದು ಎಷ್ಟು ಮಂದಿ ಹಿಡೀತದೆ? ತಳ ಯಾವಾಗ ರಿಪೇರಿ ಮಾಡಿಸಿದ್ದು?' ಉತ್ತರ ಕೇಳಿದ ಮೇಲೆ ಜಾಕೆಟ್ ಹಾಕ್ಕೊಂಡು ಹತ್ತಿ.